ಗೋಡೆಯೊಳಗಿನ ಹುಲ್ಲು

ಹುಲ್ಲು ಬೆಳೆದಿದ್ದದ್ದು ಗೋಡೆಯ ಒಳಮೈಯಲ್ಲಿ.

ಗೀದಾ ಆ ಮನೆಯ ಮುದುಕಿಯ ಹಾಸಿಗೆಯನ್ನು ಪಕ್ಕಕ್ಕೆ ಸರಿಸಿ, ಮಂಡಿಯೂರಿ, ಕೊಬ್ಬಿನ ದೀಪವನ್ನು ಹತ್ತಿರ ಹಿಡಿದಳು. ಉಳಿದ ಗೋಡೆಯೆಲ್ಲ ಹೊಗೆ ಹಿಡಿದು ಕಪ್ಪಾಗಿ, ಸವರಿದರೆ ಪುಡಿ ಉದುರುವ, ಬೇರುಮಣ್ಣು ಸಮೇತ ಕತ್ತರಿಸಿ ತಂದ ಹಳೆಯ ಹುಲ್ಲುಹೆಂಟೆಯ ಗೋಡೆ. ಹಾಸಿಗೆಯ ತಲೆದೆಸೆಯಲ್ಲಿ ಮಾತ್ರ, ಒಬ್ಬ ಮನುಷ್ಯ ಬಗ್ಗಿ ನುಸುಳಬಹುದಾದಷ್ಟು ಜಾಗದಲ್ಲಿ, ಬೆರಳುದ್ದದ ಹುಲ್ಲು. ಬಿಸಿಲು ಕಾಣದೆ ಹಳದಿಗೆ ತಿರುಗಿ, ಒಂದಕ್ಕೊಂದು ಒರಗಿಕೊಂಡು, ಎಲ್ಲವೂ ಒಲೆಯ ಬೆಳಕಿನ ಕಡೆಗೆ ಬಾಗಿತ್ತು.

ಇಷ್ಟು ದಿನ ಇದೇ ಮನೆಯಲ್ಲಿ ಉಂಡು ಮಲಗಿ, ಇದನ್ನೊಂದು ನೋಡಿರಲಿಲ್ಲವಲ್ಲ ಎಂದು ಅವಳಿಗೆ ತನ್ನ ಮೇಲೇ ಬೇಜಾರಾಯಿತು. ನೋಡುವುದಾದರೂ ಹೇಗೆ. ಮುದುಕಿ ಆ ಹಾಸಿಗೆ ಬಿಟ್ಟು ಏಳುತ್ತಿದ್ದದ್ದೇ ಅಪರೂಪ.

ನಿನ್ನೆ ಮುಸ್ಸಂಜೆ, ಮುದುಕಿಯ ಸತ್ತ ಮಗ ಬೆರ್ಸಿಯ ಹೆಣ ಸೂರಿನ ಮೇಲೆ ಕುದುರೆ ಹತ್ತಿದವನಂತೆ ಕೂತಿತ್ತು; ಗೀದಾ ಅದನ್ನು ಅಪ್ಪಿ ಹಿಡಿದು, ಹೆಸರೆತ್ತಿ ಮೂರು ಸಲ ಕೂಗಿದ್ದಳು. ಅವನು ತಿರುಗಿಯೂ ನೋಡದೆ ಅವಳನ್ನು ಕೆಳಕ್ಕೆ ಒಗೆದಿದ್ದ. ಎಡಭುಜ ಇನ್ನೂ ಎತ್ತಲು ಬರುತ್ತಿರಲಿಲ್ಲ.

ಭುಜದ ನೋವಿಗಿಂತ ಅವಳನ್ನು ಕಾಡುತ್ತಿದ್ದದ್ದು ಆ ತಿರುಗದ ತಲೆ. ಗೋರಿಯಿಂದ ಎದ್ದವರನ್ನು ಮಲಗಿಸುವ ಕೆಲಸ ಅವಳು ನರೆಗೂದಲು ಬರುವಷ್ಟು ಕಾಲದಿಂದ ಮಾಡಿಕೊಂಡು ಬಂದಿದ್ದಳು. ಎಂಥ ಕ್ರೂರಿಯಾದರೂ ಸರಿ, ಸತ್ತವನು ತನ್ನ ಹೆಸರು ಕೇಳಿದರೆ ಒಂದು ಕ್ಷಣ ನಿಂತೇ ನಿಲ್ಲುತ್ತಾನೆ. ಆ ಒಂದು ಕ್ಷಣದಲ್ಲೇ ಅವಳ ಕೆಲಸವೆಲ್ಲ. ಬೆರ್ಸಿ ಮಾತ್ರ, ಪಕ್ಕದ ಊರಿನ ಯಾರನ್ನೋ ಕರೆದರೇನೋ ಎಂಬಂತೆ ಕೂತೇ ಇದ್ದ.

ಹೊರಗಿನಿಂದ, ಬೆಟ್ಟದ ಬುಡದ ದೊಡ್ಡಿಯಿಂದ, ಕುರಿಗಳ ಅರಚಾಟ ಕೇಳುತ್ತಿತ್ತು. ಬೇಸಿಗೆಯೆಲ್ಲ ಮೇಲಿನ ಕಾವಲಿನಲ್ಲಿ ಮೇಯ್ದ ಕುರಿಗಳನ್ನು ಕಣಿವೆಯವರೆಲ್ಲ ಸೇರಿ ಇಳಿಸಿ ತಂದಿದ್ದರು. ಕಿವಿಗುರುತು ನೋಡಿ ಅವರವರ ಕುರಿಗಳನ್ನು ಅವರವರ ಅಂಕಣಕ್ಕೆ ಬಿಡುವ ಕೆಲಸ ನಡೆದಿತ್ತು. ಅದು ಮುಗಿದ ಮೇಲೆ, ಹೊತ್ತು ಮುಳುಗುವ ಮುಂಚೆ, ಅಲ್ಲೇ ನ್ಯಾಯ ತೀರಿಸುವ ಕೂಟ ಸೇರುತ್ತದೆ. ಕೂಟದಲ್ಲಿ ಬೆರ್ಸಿಯ ಹೆಂಡತಿ ಸಿಗ್ನಿಯನ್ನು ಹೊಳೆಯಾಚೆಯ ಬಂಜರಿಗೆ ಅಟ್ಟುತ್ತಾರೆ. ಗಂಡನನ್ನು ಗೋರಿಯಿಂದ ಎಬ್ಬಿಸಿದವಳು ಅವಳೇ ಎಂದು ಕಣಿವೆಯೆಲ್ಲ ತೀರ್ಮಾನಿಸಿಯಾಗಿತ್ತು. ಬೇರೆ ಯಾರೆಂದು ಗೀದಾ ತೋರಿಸಿದರೆ ಮಾತ್ರ ಅವಳಿಗೆ ಮನೆ ಉಳಿಯುತ್ತಿತ್ತು.

ಸಿಗ್ನಿ ತುಂಬಿದ ಬಸುರಿ. ಮಂಜು ಬೀಳುವ ಕಾಲ ಹತ್ತಿರ ಬಂದಿತ್ತು.

ಬೇಡವೆಂದರೂ ಕೇಳದೆ ಅವಳು ಬೆಳಿಗ್ಗೆಯೇ ದೊಡ್ಡಿಗೆ ಹೋಗಿದ್ದಳು. ಅಂಕಣದ ಬಾಯಲ್ಲಿ ಮನೆಯವರು ನಿಲ್ಲದಿದ್ದರೆ ಕುರಿ ಬೇರೆಯವರ ಪಾಲಾಗುತ್ತದೆ ಎಂಬುದು ಒಂದು. ಮನೆಯಲ್ಲಿ ಅಡಗಿ ಕೂತರೆ ತಪ್ಪು ಒಪ್ಪಿಕೊಂಡ ಹಾಗೆ ಎಂಬುದು ಇನ್ನೊಂದು.

ಗೀದಾ ಹುಲ್ಲನ್ನು ಹಿಡಿದು ಮೆಲ್ಲಗೆ ಎಳೆದಳು. ಹೆಂಟೆ ಸ್ವಲ್ಪ ಅಲುಗಿತು.

ಈ ಕಣಿವೆಯಲ್ಲಿ ಹೆಣವನ್ನು ಬಾಗಿಲಿನಿಂದ ಒಯ್ಯುವುದಿಲ್ಲ. ಸತ್ತವನ ತಲೆದೆಸೆಯ ಗೋಡೆ ಒಡೆದು, ಹೆಣ ತಿರುಗಿಸಿ ಕಾಲು ಮುಂದಾಗಿ ಹೊರತೆಗೆದು, ಹೊತ್ತವರು ವಾಪಸು ಬರುವಷ್ಟರಲ್ಲಿ ಕಂಡಿ ಮುಚ್ಚಿಬಿಡುತ್ತಾರೆ. ಸತ್ತವನಿಗೆ ಗೊತ್ತಿರುವುದು ತಾನು ಹೋದ ದಾರಿಯೊಂದೇ. ಬಂದರೂ ಗೋಡೆ ತಡವಿ, ಮನೆ ಸುತ್ತಿ, ಹೊರಟುಹೋಗುತ್ತಾನೆ. ಚಳಿಗಾಲದ ಕೊನೆಯಲ್ಲಿ ಕೆರೆಯ ಮಂಜುಗಡ್ಡೆ ಒಡೆದು ಬೆರ್ಸಿ ಮುಳುಗಿ ಸತ್ತಾಗಲೂ ಹಾಗೇ ಮಾಡಿದ್ದರು. ಕಂಡಿ ಮುಚ್ಚಿದವನು ಕಣಿವೆಯ ಯಜಮಾನ ಸ್ತೂರ್ಲಾ.

ಅವನ ಮೇಲೆ ಗೀದಾಗೆ ಅನುಮಾನ ಇಲ್ಲದಿರಲಿಲ್ಲ. ಈ ಮನೆಗೆ ಸೇರಿದ ಕೆರೆದಂಡೆಯ ಹುಲ್ಲುಗಾವಲಿನ ಮೇಲೆ ಅವನಿಗೆ ಕಣ್ಣಿತ್ತು. ಸಿಗ್ನಿ ಹೋದರೆ ಅದು ಯಾರ ಕೈಸೇರುತ್ತದೆ ಎಂದು ಯಾರೂ ಹೇಳಬೇಕಾಗಿರಲಿಲ್ಲ. ಬೆಳಿಗ್ಗೆ ದೊಡ್ಡಿಯ ಹತ್ತಿರ ಅವನನ್ನೇ ಕೇಳಿದ್ದಳು, ಗೋಡೆ ನೆಟ್ಟಗೆ ಮುಚ್ಚಿದ್ದಿರಾ ಎಂದು. ಅವನು ಕೈಯಲ್ಲಿದ್ದ ಟಗರಿನ ಕೊಂಬನ್ನು ಬಿಡದೆಯೇ ಅವಳನ್ನು ಮೇಲಿನಿಂದ ಕೆಳಕ್ಕೆ ನೋಡಿದ.

"ಸತ್ತೋರ ನ್ಯಾಯ ಹೇಳೋದು ಸಾಲದು ಅಂತ ಈಗ ಗೋಡೆ ಕಟ್ಟೋದೂ ಕಲಿಸ್ತೀಯೇನಮ್ಮ?" ಎಂದ. "ನಾನು ಕಟ್ಟಿದ ಗೋಡೆ ನಾನು ಸತ್ತ ಮೇಲೂ ನಿಂತಿರತ್ತೆ. ಒದ್ದು ನೋಡು ಹೋಗು. ಕಾಲು ನಿಂದು."

ಮನೆಯ ಹೊರಮೈಯನ್ನು ಅವಳು ಮೊದಲ ದಿನವೇ ನೋಡಿದ್ದಳು. ಬೇರೆಲ್ಲ ಕಡೆ ಗೋಡೆ ಹಸಿರಾಗಿತ್ತು. ಮುಚ್ಚಿದ ಕಂಡಿಯ ಜಾಗ ಮಾತ್ರ ಬರೀ ಬೇರು, ಮಣ್ಣು. ಕುರಿಗಳು ಕೆರೆದು ತಿಂದಿವೆ ಎಂದರು. ಗೋಡೆ ತಿನ್ನುವ ಕುರಿಗಳು ಎಲ್ಲ ಊರಿನಲ್ಲೂ ಇರುತ್ತವೆ, ಅವಳೂ ಒಪ್ಪಿಕೊಂಡಿದ್ದಳು. ತಪ್ಪಾದದ್ದು ಅಲ್ಲೇ.

ಹೆಂಟೆಯನ್ನು ಎತ್ತುವುದು ಹುಲ್ಲು ಹಿಡಿದು. ಬೇರಿನ ಕಡೆಯನ್ನು ಗೋಡೆಗೆ ತುರುಕಿ, ಹುಲ್ಲಿನ ಕಡೆಯನ್ನು ಅಂಗೈಯಿಂದ ಗುದ್ದಿ ಕೂರಿಸುತ್ತಾರೆ. ಹೊರಗೆ ನಿಂತು ಮುಚ್ಚಿದರೆ ಹುಲ್ಲು ಹೊರಗೆ. ಸ್ತೂರ್ಲಾ ಮುಚ್ಚಿದ್ದು ಹಾಗೆ. ಈಗ ಹುಲ್ಲು ಒಳಗಿದೆ ಅಂದರೆ, ಆಮೇಲೆ ಯಾರೋ ಅದನ್ನು ತೆಗೆದಿದ್ದಾರೆ. ಒಳಗೆ ಕೂತು ಮತ್ತೆ ಮುಚ್ಚಿದ್ದಾರೆ. ಹುಲ್ಲು ಬೆರಳುದ್ದ ಬೆಳೆದಿದೆ ಅಂದರೆ, ಕೆಲವು ವಾರಗಳಿಂದ ಮತ್ತೆ ಮುಟ್ಟಿಲ್ಲ.

ಸ್ತೂರ್ಲಾ ಈ ಮನೆಯೊಳಗೆ ಕಾಲಿಟ್ಟು ಎಷ್ಟೋ ಕಾಲವಾಗಿತ್ತು. ಉಳಿದದ್ದು ಇಬ್ಬರು ಹೆಂಗಸರು.

ಎರಡು ಹೆಂಟೆಯ ನಡುವೆ ಕೈ ಹಿಡಿಯುವಷ್ಟು ಸಂದಿ ಬಿಟ್ಟಿತ್ತು; ಅವಳು ಅದರೊಳಗೆ ಕೈ ತೂರಿಸಿದಳು. ಒಳಗೆ ಮರದ ಬಟ್ಟಲೊಂದು ತಗುಲಿತು. ಬಟ್ಟಲಲ್ಲಿ ಒಣಮೀನು. ಕುಟ್ಟಿ, ಬಿಡಿಬಿಡಿಯಾಗಿ ಬಿಡಿಸಿ, ಬೆಣ್ಣೆ ಹಚ್ಚಿದ್ದು. ಬೆಣ್ಣೆ ಇನ್ನೂ ಮೆತ್ತಗಿತ್ತು, ಇವತ್ತಿನದೇ. ಗೀದಾ ಒಂದು ಚೂರು ತೆಗೆದು ಬೆರಳಲ್ಲಿ ತಿಕ್ಕಿದಳು, ಇನ್ನೊಂದನ್ನೂ ತಿಕ್ಕಿದಳು. ಒಂದು ಮುಳ್ಳೂ ಇರಲಿಲ್ಲ.

ಮೊದಲ ದಿನ ಸಿಗ್ನಿ ಊಟಕ್ಕೆ ಹಾಕುತ್ತ ಗಂಡನ ಸುದ್ದಿ ಹೇಳಿದ್ದು ನೆನಪಾಯಿತು. ಚಿಕ್ಕವನಿದ್ದಾಗ ಬೆರ್ಸಿಯ ಗಂಟಲಲ್ಲಿ ಮುಳ್ಳು ಸಿಕ್ಕಿ ಸಾಯುವ ಹಾಗಾಗಿತ್ತಂತೆ. ಗಡ್ಡ ಬಂದ ಮೇಲೂ ಅವನ ತಾಯಿ ಮುಳ್ಳು ಆರಿಸಿ ಕೊಟ್ಟರೇ ಮೀನು ತಿನ್ನುವುದಂತೆ. ಮದುವೆಯಾಗಿ ಬಂದ ಹೊಸತರಲ್ಲಿ ಅತ್ತೆ ಆ ಕೆಲಸ ಸೊಸೆಗೆ ವಹಿಸಲು ನೋಡಿದಳು. ಗಂಡ ಬೇಕು ಅಂತ ಮದುವೆಯಾದೆ, ಕೂಸು ಬೇಕಾದರೆ ನಾನೇ ಹೆರ್ತೀನಿ, ಎಂದಿದ್ದಳಂತೆ ಸಿಗ್ನಿ. ಅದನ್ನು ಹೇಳುತ್ತ ನಕ್ಕು, ನಗುತ್ತಲೇ ಕಣ್ಣೊರೆಸಿಕೊಂಡಿದ್ದಳು.

ಬಟ್ಟಲಿನ ಹಿಂದೆ ಇನ್ನೂ ಏನೋ ಇತ್ತು. ಹೊರತೆಗೆದಳು. ಮುಷ್ಟಿಯಷ್ಟು ದೊಡ್ಡ ಕಪ್ಪು ಕಲ್ಲು. ಒಲೆಯ ಕಾವಿರುವ ಗೋಡೆಯಲ್ಲಿದ್ದರೂ ಅದು ಒದ್ದೆಯಾಗಿತ್ತು. ಸೆರಗಿನಿಂದ ಒರೆಸಿದಳು, ನೋಡುತ್ತಿದ್ದ ಹಾಗೇ ಮತ್ತೆ ನೀರು ಜಿನುಗಿತು. ಗೀದಾ ಅದನ್ನು ನೆಲದ ಮೇಲಿಟ್ಟು ಕೈಯನ್ನು ದೂರ ಸರಿಸಿದಳು. ಅದು ತಳದೊಡೆಯನ ಕಲ್ಲು. ಕೆರೆಯ ತಳದಲ್ಲಿರುವ ಆ ಹಳೆಯ ದೇವರನ್ನು ಕಣಿವೆಯವರು ಪೂಜಿಸುವುದು ಬಿಟ್ಟು ತಲೆಮಾರುಗಳಾಗಿದ್ದವು. ಅವನ ಹೆಸರನ್ನು ಯಾರೂ ಎತ್ತುತ್ತಿರಲಿಲ್ಲ. ಮರೆತಿದ್ದರು ಎಂದಲ್ಲ.

ಹಿಂದೆ ಬಾಗಿಲು ಕಿರುಗುಟ್ಟಿತು.

"ನನ್ನ ಹಾಸಿಗೆ ಯಾಕೆ ಸರಿಸಿದೆ ಮಗಳೆ?"

ಬೆರ್ಸಿಯ ತಾಯಿ ಆರ್ನೋರಾ. ಸೊಸೆ ದೊಡ್ಡಿಗೆ ಹೋಗಿದ್ದರಿಂದ ತಾನೇ ಹೋಗಿ ಹಸುವಿನ ಹಾಲು ಕರೆದು ತಂದಿದ್ದಳು. ಒಂದು ಕೈಯಲ್ಲಿ ಹಾಲಿನ ಗಡಿಗೆ, ಇನ್ನೊಂದರಲ್ಲಿ ಕೋಲು.

"ಹುಲ್ಲು ಕುಯ್ಯೋಣ ಅಂತ, ಅಜ್ಜಿ," ಎಂದಳು ಗೀದಾ.

ಮುದುಕಿ ಗಡಿಗೆಯನ್ನು ಚೆಲ್ಲದಂತೆ ಕೆಳಗಿಟ್ಟಳು. ಅದರ ಮೇಲೆ ಬಟ್ಟೆ ಮುಚ್ಚಿದಳು. ಆಮೇಲೆ ಒಲೆಯ ಪಕ್ಕದ ಮಣೆಯ ಮೇಲೆ ಕೂತು, ಕೋಲನ್ನು ಎರಡೂ ಕಾಲ ನಡುವೆ ನಿಲ್ಲಿಸಿಕೊಂಡು, ಆ ಹಳದಿ ಹುಲ್ಲನ್ನು ನೋಡಿದಳು. ತಾನೂ ಅದನ್ನು ಬೆಳಕಿನಲ್ಲಿ ನೋಡುತ್ತಿರುವುದು ಇದೇ ಮೊದಲು ಎಂಬಂತಿತ್ತು.

"ಇಷ್ಟುದ್ದ ಬೆಳೆದಿದೆಯಾ," ಎಂದಳು.

ಗೀದಾ ಅವಸರ ಮಾಡಲಿಲ್ಲ. ಒಲೆಗೆ ಒಂದು ಒಣಸಗಣಿಯ ಬೆರಣಿ ಹಾಕಿ ಎದುರಿಗೆ ಕೂತಳು. ಕೇಳದೆ ಕೂತರೆ ಎಷ್ಟೋ ಜನ ತಾವೇ ಹೇಳುತ್ತಾರೆ. ಆರ್ನೋರಾ ಮೊದಲು ಅವಳ ಭುಜದ ನೋವು ವಿಚಾರಿಸಿದಳು. ಕುರಿಯ ಕೊಬ್ಬು ಬಿಸಿಮಾಡಿ ತಿಕ್ಕಬೇಕೆಂದಳು. ಆಮೇಲೆ ಯಾರಿಗೂ ಹೇಳುತ್ತಿಲ್ಲವೇನೋ ಎಂಬಂತೆ, ಒಲೆಯ ಕಡೆ ಮುಖಮಾಡಿ ಹೇಳತೊಡಗಿದಳು.

ಮಗನನ್ನು ಕೆರೆಯಿಂದ ತೆಗೆದು ತಂದು ಇದೇ ಒಲೆಯ ಮುಂದೆ ಮಲಗಿಸಿದ್ದರು. ರಾತ್ರಿಯೆಲ್ಲ ಕೈಕಾಲು ತಿಕ್ಕಿದಳು. ಎಷ್ಟು ತಿಕ್ಕಿದರೂ ಕಾವು ಬರಲಿಲ್ಲ.

"ಹೆತ್ತಾಗ ಎಷ್ಟು ಬಿಸಿ ಇದ್ದ ಗೊತ್ತಾ," ಎಂದಳು. "ಎದೆ ಮೇಲೆ ಹಾಕಿದ್ರೆ ಆಗ ತಾನೆ ಸುಟ್ಟು ತೆಗೆದ ರೊಟ್ಟಿ ಥರ. ಅವನನ್ನ ಅಷ್ಟು ತಣ್ಣಗೆ ಮಣ್ಣಿಗೆ ಹಾಕೋಕೆ ನನ್ನ ಕೈಲಿ ಆಗ್ಲಿಲ್ಲ."

ಮಣ್ಣು ಮಾಡಿದ ಮಾರನೆಯ ದಿನ, ಬೆರ್ಸಿ ಬಿದ್ದ ಮಂಜುಗಡ್ಡೆಯ ತೂತು ಮತ್ತೆ ಕಟ್ಟಿಕೊಳ್ಳುವ ಮುಂಚೆ, ಅವಳು ಅಲ್ಲಿಗೆ ಹೋಗಿದ್ದಳು. ಬಗ್ಗಿ, ನೀರಿಗೆ ಬಾಯಿ ತಾಗಿಸಿ, ಅಜ್ಜಿ ಕಾಲದ ಮಾತಿನಲ್ಲಿ ತಳದೊಡೆಯನನ್ನು ಕರೆದಿದ್ದಳು. ಅವನು ಬಂದ. ಹೇಗಿದ್ದ ಎಂದು ಗೀದಾ ಕೇಳಿದಾಗ ಮುದುಕಿ ತಲೆಯಾಡಿಸಿದಳು. ನೀರು ನೋಡುತ್ತಿತ್ತು, ಅಷ್ಟೇ, ಎಂದಳು.

"ಏನು ಕೊಟ್ಟೆ ಅಜ್ಜಿ?"

"ಹಸು ಕೇಳಿದ್ರೆ ಹಸು ಕೊಡ್ತಿದ್ದೆ. ನನ್ನ ಪ್ರಾಣ ಕೇಳಿದ್ರೆ ಅದೂ ಸರಿ ಅಂತಾನೇ ಹೋಗಿದ್ದು. ಅವನು ಹೆಸರು ಕೇಳ್ದ." ಮುದುಕಿ ಕೋಲಿನ ತುದಿಯಿಂದ ಬೂದಿಯನ್ನು ಕೆದಕಿದಳು. "ಸತ್ತೋನಿಗೆ ಹೆಸರು ಯಾತಕ್ಕೆ ಅನ್ನಿಸ್ತು. ಆ ಹೆಸರೂ ನಿಂದು, ಆ ಹೆಸರು ಹೊತ್ತೋನೂ ನಿನ್ನೋನು, ನನ್ನ ಒಲೆ ಮುಂದೆ ಬಂದು ಕೂರೋಕೆ ಒಂದಿಷ್ಟು ಹೊತ್ತು ಬಿಡು ಸಾಕು ಅಂದೆ. ಮಾತಿನ ಗುರುತಿಗೆ ಆ ಕಲ್ಲು ಕೊಟ್ಟ."

ಸೂರಿನ ಮೇಲಿನ ಆ ತಿರುಗದ ತಲೆ ಗೀದಾಳ ಕಣ್ಣ ಮುಂದೆ ಬಂತು. ಅವನು ಯಾಕೆ ತಿರುಗುತ್ತಾನೆ. ಅದು ಈಗ ಅವನ ಹೆಸರೇ ಅಲ್ಲ.

ಅದರ ಹಿಂದೆಯೇ ಇನ್ನೊಂದು ಯೋಚನೆ ಬಂತು. ತಂದೆ ಸತ್ತ ಮೇಲೆ ಹುಟ್ಟುವ ಗಂಡುಮಗುವಿಗೆ ಈ ಕಣಿವೆಯಲ್ಲಿ ಹೆಸರು ಹುಡುಕುವುದಿಲ್ಲ. ತಂದೆಯ ಹೆಸರೇ. ಅದನ್ನು ಯಾರೂ ಕೇಳುವುದಿಲ್ಲ, ಯಾರೂ ಹೇಳುವುದಿಲ್ಲ. ನೀರು ಚಿಮುಕಿಸಿ ಕರೆದುಬಿಡುತ್ತಾರೆ.

"ಸೊಸೆ ಬಸುರಿ ಅಂತ ಗೊತ್ತಿತ್ತಾ ನಿಂಗೆ?"

"ಆಗ ಗೊತ್ತಿರ್ಲಿಲ್ಲ," ಎಂದಳು ಆರ್ನೋರಾ. "ಮಂಜು ಕರಗಿದ ಮೇಲೆ ಹೇಳಿದ್ಲು. ಖುಷಿಯಿಂದ ಹೇಳಿದ್ಲು ಪಾಪ. ಅತ್ತೆ, ಬೆರ್ಸಿ ವಾಪಸ್ ಬರ್ತಾನೆ ಅಂದ್ಲು."

ಬೆರಣಿ ಹತ್ತಿಕೊಂಡು ಹೊಗೆ ಏಳತೊಡಗಿತು.

ಗೀದಾ ಸ್ತೂರ್ಲಾನ ಕುರಿಕಾಯುವವನ ವಿಷಯ ತೆಗೆದಳು. ಬೇಸಿಗೆಯಲ್ಲಿ ಆ ಆಳು ಬೆರ್ಸಿಯ ಹೆಣದ ಕೈಗೆ ಸಿಕ್ಕಿ ಬೆನ್ನು ಮುರಿದು ಸತ್ತದ್ದು ಈ ಮನೆಯ ಹಿಂದೆಯೇ. ಆಗಲೂ ಬಾಯಿ ಬಿಡಲಿಲ್ಲವಲ್ಲ ನೀನು, ಎಂದಳು. ದನಿ ಏರಿಸಲಿಲ್ಲ. ಮುದುಕಿ ತನ್ನ ಕೈಗಳನ್ನೇ ನೋಡಿಕೊಂಡು, ಅಲ್ಲಿಯವರೆಗೆ ಸೊಸೆ ಮಲಗಿದ ಮೇಲೆ ಹೆಂಟೆ ತೆಗೆದು ಮಗನನ್ನು ಒಳಗೆ ಕರೆಯುತ್ತಿದ್ದೆ, ಆವತ್ತಿನಿಂದ ತೆಗೆದಿಲ್ಲ ಎಂದಳು. ಅವನು ಬರುತ್ತಾನೆ, ಗೋಡೆ ತಟ್ಟುತ್ತಾನೆ. ತೆಗೆಯುವುದಿಲ್ಲ. ತೆಗೆಯದಿದ್ದರೆ ಸೂರು ಹತ್ತಿ ಕೂರುತ್ತಾನೆ. ಮೀನು ಮಾತ್ರ ಇಡುತ್ತೇನೆ, ಅವನು ಮುಟ್ಟುವುದೂ ಇಲ್ಲ.

"ಮತ್ತೆ ಸಿಗ್ನಿ? ಊರೆಲ್ಲ ಅವಳ ಮೇಲೆ ಹೊರಿಸ್ತಿದ್ರೆ ಇಲ್ಲೇ ಕೂತು ಉಣ್ಣೆ ಹಿಂಜ್ತಾ ಇದ್ದೆ. ನಾನು ಬಂದ ದಿನದಿಂದ ನೋಡ್ತಿದ್ದೀನಿ. ಒಂದು ಮಾತಿಗೂ ಇಲ್ಲ ಅನ್ಲಿಲ್ಲ ನೀನು."

ಆರ್ನೋರಾ ಮೊದಲ ಸಲ ತಲೆಯೆತ್ತಿ ಅವಳನ್ನು ನೇರ ನೋಡಿದಳು.

"ಅಟ್ಟಲಿ ಅಂತಾನೇ ಸುಮ್ಮನಿದ್ದೆ," ಎಂದಳು. "ಕೆರೆಯೋನ ಕೈ ಹೊಳೆ ದಾಟಲ್ಲ. ಅವನು ಈ ಕಣಿವೆ ನೀರಿನೋನು. ಬಂಜರಿನ ಆ ತುದೀಲಿ ನನ್ನ ತಂಗಿ ಮನೆ ಇದೆ. ಹೇಳಿ ಕಳ್ಸಿದ್ದೀನಿ, ಹೊಳೆ ದಂಡೇಲಿ ಕುದುರೆ ತಂದು ಕಾಯ್ತಿರ್ತಾರೆ. ಅಲ್ಲಿ ಹೆತ್ರೆ ಏನು ಹೆಸರಾದ್ರೂ ಇಟ್ಕೊಳ್ಳಲಿ. ಹೋಗು ಅಂದ್ರೆ ಅವಳು ಹೋಗ್ತಿದ್ಲಾ? ಯಾಕೆ ಅಂತ ಕೇಳ್ತಿರ್ಲಿಲ್ವಾ? ಏನಂತ ಹೇಳ್ಲಿ. ನಿನ್ನ ಮಗೂನ ನಾನು ಮಾರಿದ್ದೀನಿ ಅಂತ ಹೇಳ್ಲಾ?"

ಗೀದಾ ಬೈಯಬೇಕೆಂದುಕೊಂಡಿದ್ದಳು. ಬೇಸಿಗೆಯೆಲ್ಲ ಈ ಹೆಂಗಸು ಒಂದು ಕಡೆ ಗೋಡೆ ತಟ್ಟುವ ಮಗ, ಇನ್ನೊಂದು ಕಡೆ ದಿನದಿನಕ್ಕೆ ದೊಡ್ಡದಾಗುವ ಸೊಸೆಯ ಹೊಟ್ಟೆ, ಎರಡರ ನಡುವೆ ಒಂದು ಹಾಸಿಗೆಯ ಮೇಲೆ ಮಲಗಿದ್ದಳು. ಅದಕ್ಕಿಂತ ದೊಡ್ಡ ಶಿಕ್ಷೆ ಕೂಟದವರಿಗೂ ಹೊಳೆಯಲಾರದು. ಆದರೆ ಹೊಳೆಯುವುದು ಇನ್ನೊಂದಿತ್ತು: ಆರ್ನೋರಾಳ ಹೆಸರು ಹೇಳಿದರೆ, ಕುರಿಕಾಯುವವನ ಅಣ್ಣತಮ್ಮಂದಿರು ಅವಳನ್ನು ಹೊತ್ತು ಮುಳುಗುವ ಮುಂಚೆ ಕಲ್ಲು ಕಟ್ಟಿ ಕೆರೆಗೆ ನೂಕುತ್ತಾರೆ.

"ಹೇಳ್ಬಿಡು," ಎಂದಳು ಮುದುಕಿ, ಅವಳ ಮನಸ್ಸು ಓದಿದವಳಂತೆ. "ನಂದೇನು. ನನ್ನ ಹಲ್ಲೆಲ್ಲ ಬಿದ್ದಾಯ್ತು."

"ಮೊದಲು ಮಗು," ಎಂದಳು ಗೀದಾ. "ಹುಟ್ಟಿದ ಕೂಡಲೆ ಬೇರೆ ಹೆಸರು ಇಡಿಸೋದು. ಮಿಕ್ಕಿದ್ದು ಆಮೇಲೆ."

ಅಷ್ಟರಲ್ಲಿ ಪಕ್ಕದ ಹೊಲದ ಮನೆಯ ಹೆಂಗಸೊಬ್ಬಳು ಏದುಸಿರು ಬಿಡುತ್ತ ಬಾಗಿಲಿಗೆ ಬಂದಳು. ಒಳಗೆ ಬರಲು ಹೆದರಿ ಹೊಸ್ತಿಲಲ್ಲೇ ನಿಂತು ಸುದ್ದಿ ಹೇಳಿದಳು. ಸಿಗ್ನಿಗೆ ಅಂಕಣದ ಬಾಯಲ್ಲೇ ನೋವು ಬಂದು, ಉಣ್ಣೆಯ ಚೀಲಗಳ ಮೇಲೆ ಮಲಗಿಸಿ, ಹೆಂಗಸರೆಲ್ಲ ಸುತ್ತ ನಿಂತು ಹೆರಿಗೆ ಆಗಿಯೇ ಹೋಗಿತ್ತು. ಗಂಡು.

ಗೀದಾ ಅವಳನ್ನು ದಾಟಿಕೊಂಡು ಓಡಿದಳು.

ಇಳಿಜಾರಿನಲ್ಲಿ ಪ್ರತಿ ಹೆಜ್ಜೆಗೂ ಭುಜ ಕಿತ್ತು ಬಂದ ಹಾಗಾಗುತ್ತಿತ್ತು. ದೊಡ್ಡಿಯ ಕಲ್ಲುಗೋಡೆಯ ಹತ್ತಿರ ಬಂದಾಗ ಜನ ನಗುತ್ತಿರುವುದು ಕೇಳಿತು. ಬೆಳಿಗ್ಗೆಯಿಂದ ಸಿಗ್ನಿಯ ಅಂಕಣದ ಕಡೆ ಬೆನ್ನು ತಿರುಗಿಸಿ ನಿಂತಿದ್ದವರೇ ಈಗ ಅವಳ ಸುತ್ತ ನೆರೆದಿದ್ದರು. ಯಾರೋ ತಮ್ಮ ಕಂಬಳಿ ಹೊದಿಸಿದ್ದರು, ಯಾರೋ ಬೆಚ್ಚಗಿನ ಹಾಲು ಕುಡಿಸುತ್ತಿದ್ದರು. ನಡುವೆ ಸ್ತೂರ್ಲಾ ನಿಂತಿದ್ದ. ಅವನ ಕೈಯಿಂದ ನೀರು ತೊಟ್ಟಿಕ್ಕುತ್ತಿತ್ತು. ಪಕ್ಕದಲ್ಲಿ ಮರದ ತಂಬಿಗೆ.

"ಬಾಮ್ಮ," ಎಂದ ಅವನು. ಬೆಳಿಗ್ಗೆಯ ಗಡುಸು ಮುಖದಲ್ಲಿ ಇರಲಿಲ್ಲ. "ನಿನ್ನ ಕೆಲಸ ನಾನೇ ಮುಗಿಸಿಬಿಟ್ಟೆ. ಇನ್ನು ಇವಳನ್ನ ಯಾರೂ ಅಟ್ಟೋ ಹಾಗಿಲ್ಲ."

ಗೀದಾ ಏನು ಮಾಡಿದಿರಿ ಎಂದು ಕೇಳಲಿಲ್ಲ. ಕೇಳಬೇಕಾಗಿರಲಿಲ್ಲ. ಅವನೇ ಹೇಳಿದ. ಹೆತ್ತ ಹೆಂಗಸನ್ನು ಮಂಜಿಗೆ ಅಟ್ಟಲು ತನಗೆ ಮನಸ್ಸು ಬರಲಿಲ್ಲವೆಂದ. ಕೂಟದ ಮುಂದೆ ನೀರು ಚಿಮುಕಿಸಿ ತಂದೆಯ ಹೆಸರು ಕರೆದರೆ ಮಗು ಮನೆಯ ಒಡೆಯ; ಒಡೆಯನ ತಾಯಿಯನ್ನು ಮನೆ ಬಿಡಿಸುವ ಹಕ್ಕು ಯಾರಿಗೂ ಇಲ್ಲ. ಹುಲ್ಲುಗಾವಲಿನ ಆಸೆ ತನಗಿತ್ತು, ಸುಳ್ಳು ಹೇಳುವುದಿಲ್ಲ, ಹೋಗಲಿ ಬಿಡು, ಎಂದ.

"ಬೆರ್ಸಿ," ಎಂದ ಮಗುವಿನ ಕಡೆ ಬಗ್ಗಿ, ದೊಡ್ಡ ಬೆರಳಿನಿಂದ ಅದರ ಗಲ್ಲ ಮುಟ್ಟುತ್ತ. "ಕುರಿಗೆ ಹೆದರಬೇಡ ಕಣಪ್ಪ ಬೆರ್ಸಿ."

ಕೆಂಪಗೆ ಮುಖ ಮಾಡಿಕೊಂಡು ಅಳುತ್ತಿದ್ದ ಮಗು ತಟ್ಟನೆ ಸುಮ್ಮನಾಯಿತು. ಕಣ್ಣು ತೆರೆದು ಕೆರೆಯ ಕಡೆ ತಲೆ ತಿರುಗಿಸಿತು. ಆಗ ತಾನೆ ಹುಟ್ಟಿದ ಮಗು ಹಾಗೆ ತಿರುಗುವುದಿಲ್ಲ. ಹೆತ್ತು ಅನುಭವವಿದ್ದ ಹೆಂಗಸರ ನಗು ಅಲ್ಲಿಗೇ ನಿಂತಿತು.

ಗೀದಾ ಸಿಗ್ನಿಯ ಪಕ್ಕ ನೆಲದ ಮೇಲೆ ಒಂದು ಮಂಡಿಯೂರಿ, ಇನ್ನೊಂದು ಮಂಡಿಯನ್ನು ಮುಂದಿಟ್ಟು ಕೂತಳು. ಕೂಟದ ಎದುರು ಯಾರ ಮಂಡಿಯ ಮೇಲೆ ಮಗುವನ್ನು ಕೂರಿಸುತ್ತಾರೋ ಅವರದಾಗುತ್ತದೆ ಮಗು. ಹೆಸರೂ ಅವರು ಇಟ್ಟದ್ದೇ ಆಗುತ್ತದೆ. ಇಲ್ಲಿಯ ಮಕ್ಕಳಿಗೂ ಗೊತ್ತಿದ್ದ ಕಟ್ಟಳೆ ಅದು. ಅವಳು ಕೂತ ರೀತಿ ನೋಡಿಯೇ ಸಿಗ್ನಿ ಮಗುವನ್ನು ಎದೆಗೆ ಒತ್ತಿಕೊಂಡಳು.

"ಏನಕ್ಕ ಇದು," ಎಂದಳು ಸಣ್ಣ ದನಿಯಲ್ಲಿ. "ಗಂಡ ಹೋದ. ಮನೆ ಈಗ ಉಳೀತು. ಮಗೂನ ನೀನು ತಗೊಂಡು ಹೋಗ್ತೀಯಾ?"

"ನಿನ್ನ ಮನೇಲೇ ಇರ್ಲಿ. ನಿನ್ನ ಹಾಲೇ ಕುಡೀಲಿ. ಹೆಸರು ಮಾತ್ರ ಬದಲಾಗ್ಬೇಕು, ಈಗಲೇ. ಆ ಹೆಸರು ಕೆರೆಯೋನಿಗೆ ಸೇರಿಹೋಗಿದೆ ಕಣೆ."

"ಯಾರು ಸೇರಿಸಿದ್ದು?"

ಗೀದಾ ಬಾಯಿ ತೆರೆದಳು. ಕುರಿಕಾಯುವವನ ಅಣ್ಣ ತೋಳಳತೆಯಲ್ಲಿ ನಿಂತು ಕೇಳಿಸಿಕೊಳ್ಳುತ್ತಿದ್ದ. ಅವನ ಸೊಂಟದಲ್ಲಿ ಕಿವಿಗುರುತು ಹಾಕುವ ಚಾಕು. ಮುದುಕಿ ಕೋಲೂರಿಕೊಂಡು ಇಳಿಜಾರು ಇಳಿದು ಬರುತ್ತಿರುವುದು ಕಾಣುತ್ತಿತ್ತು. ಗೀದಾ ಬಾಯಿ ಮುಚ್ಚಿದಳು.

"ಅದನ್ನ ಆಮೇಲೆ ಹೇಳ್ತೀನಿ. ಮೊದಲು ಮಗೂನ ಮಂಡಿ ಮೇಲೆ ಇಡು."

ಆಮೇಲೆ ಎಂಬ ಮಾತನ್ನು ಸಿಗ್ನಿ ಈ ವರ್ಷ ಬಹಳ ಜನರ ಬಾಯಲ್ಲಿ ಕೇಳಿದ್ದಳು. ಇಡಲಿಲ್ಲ.

ಮೊದಲು ನೋಡಿದ್ದು ನಾಯಿಗಳು. ಬೊಗಳಲಿಲ್ಲ, ಒಂದೊಂದಾಗಿ ಹೊಟ್ಟೆ ನೆಲಕ್ಕೆ ಹಚ್ಚಿ ಮಲಗಿದವು. ದೊಡ್ಡಿಯ ತುಂಬ ಇದ್ದ ಕುರಿಗಳ ಅರಚಾಟ ನಿಂತಿತು. ಹೊತ್ತು ಇನ್ನೂ ಬೆಟ್ಟದ ಮೇಲಿತ್ತು, ಬಿಸಿಲಿತ್ತು. ಆ ಬಿಸಿಲಿನಲ್ಲಿ ಕೆರೆಯ ದಂಡೆಯಿಂದ ಒಬ್ಬ ಗಂಡಸು ನಡೆದು ಬರುತ್ತಿದ್ದ. ಎದ್ದವರು ಹಗಲಲ್ಲಿ ನಡೆದದ್ದನ್ನು ಗೀದಾ ಈವರೆಗೆ ನೋಡಿರಲಿಲ್ಲ.

ಅವನ ನಡಿಗೆ ಎಲ್ಲರಿಗೂ ಗೊತ್ತಿತ್ತು. ಎಡಗಾಲು ಸ್ವಲ್ಪ ಹೊರಕ್ಕೆ ಹಾಕುವ ನಡಿಗೆ. ಜನ ಎರಡೂ ಕಡೆಗೆ ಸರಿದರು. ದೊಡ್ಡಿಯ ಬಾಯಲ್ಲಿ ಆರ್ನೋರಾ ಅವನಿಗೆ ಅಡ್ಡ ನಿಂತಿದ್ದಳು. ಕೈ ಮುಂದೆ ಚಾಚಿದಳು. "ಬಂದ್ಯಾ ಮಗ," ಎಂದಳು. ಅವನು ಅವಳನ್ನು ಒಂದು ಕಂಬವನ್ನು ದಾಟುವಂತೆ ದಾಟಿಕೊಂಡು ಬಂದ. ಮುದುಕಿಯ ಕೈ ಹಾಗೇ ಚಾಚಿಕೊಂಡು ಉಳಿಯಿತು.

ಸಿಗ್ನಿಯಿಂದ ಕೆಲವು ಹೆಜ್ಜೆ ದೂರದಲ್ಲಿ ಅವನು ನಿಂತ. ಬಟ್ಟೆಯಿಂದ ನೀರು ಸುರಿದು ಕಾಲಡಿಯ ಮಣ್ಣು ಕೆಸರಾಯಿತು. ಬಾಯಿ ತೆರೆದಾಗ ಮೊದಲು ನೀರು ಬಂತು, ಆಮೇಲೆ ದನಿ. ಅದು ಅವನ ದನಿಯಾಗಿರಲಿಲ್ಲ.

"ಬೆರ್ಸಿ ಅಂತ ಯಾರನ್ನ ಕರೆದ್ರಿ?"

ಸ್ತೂರ್ಲಾನ ಮುಖ ಬಿಳಿಚಿತ್ತು. ಆದರೂ ಅವನು ಒಂದು ಹೆಜ್ಜೆ ಮುಂದೆ ಬಂದು, ಬರಿಗೈಯಲ್ಲೇ, ತಾಯಿಮಗುವಿಗೂ ಹೆಣಕ್ಕೂ ನಡುವೆ ನಿಂತ. ಗೀದಾ ಸರಿಯಿದ್ದ ಕೈಯಿಂದ, ಎದ್ದವರನ್ನು ಜಡಿದು ಮಲಗಿಸಲು ಸೊಂಟದಲ್ಲಿಟ್ಟುಕೊಂಡಿದ್ದ ಕಬ್ಬಿಣದ ಮೊಳೆಯನ್ನು ಸೆಳೆದಳು. ಮಂಡಿಯನ್ನು ಮಾತ್ರ ಕದಲಿಸಲಿಲ್ಲ.

"ಸಿಗ್ನಿ. ಇಡು," ಎಂದಳು.

ಸಿಗ್ನಿ ಗಂಡನ ಮುಖ ನೋಡಿದಳು. ಗೀದಾಳ ಮಂಡಿ ನೋಡಿದಳು. ಈ ಹೆಂಗಸು ತನ್ನಿಂದ ಏನನ್ನೋ ಬಚ್ಚಿಡುತ್ತಿದ್ದಾಳೆ ಎಂಬುದು ಅವಳಿಗೆ ತಿಳಿದಿತ್ತು. ಏನೆಂಬುದು ತಿಳಿದಿರಲಿಲ್ಲ. ಅವಳು ಪಕ್ಕಕ್ಕೆ ತಿರುಗಿದಳು. ಅಷ್ಟು ಹೊತ್ತಿಗೆ ಬೆನ್ನ ಹಿಂದೆ ಬಂದು ನಿಂತಿದ್ದವರಲ್ಲಿ ಅವಳಿಗೆ ನಂಬಿಕೆಯಿದ್ದ ಜೀವ ಒಂದೇ.

"ಅತ್ತೆ, ಹಿಡ್ಕೊಳ್ಳಿ," ಎಂದು ಮಗುವನ್ನು ಅವಳ ಕೈಗೆ ಕೊಟ್ಟಳು.

ಗೀದಾ ಬೇಡ ಎನ್ನುವಷ್ಟರಲ್ಲಿ ಮಗು ಮುದುಕಿಯ ತೋಳಿನಲ್ಲಿತ್ತು.

ಆರ್ನೋರಾ ಕೋಲನ್ನು ಬಿಟ್ಟಳು. ಮಗುವಿನ ತಲೆಯನ್ನು ತನ್ನ ಕುತ್ತಿಗೆಯ ಸಂದಿಗೆ ಒತ್ತಿಕೊಂಡು, ಅದರ ಬಿಸಿಗೆ ಒಂದು ಕ್ಷಣ ಕಣ್ಣು ಮುಚ್ಚಿದಳು. ತೆರೆದಾಗ ಅವಳು ನೋಡಿದ್ದು ಗೀದಾಳನ್ನು.

"ಆ ಹೆಸರು ಕೊಟ್ಟೋಳು ನಾನು," ಎಂದಳು, ಎಲ್ಲರಿಗೂ ಕೇಳುವಂತೆ. "ಮಾತು ವಾಪಸ್ ತಗೊಳ್ಳೋಕೆ ಆಗತ್ತಾ ಅಂತ ನಾನೇ ಹೋಗಿ ಕೇಳ್ತೀನಿ."

ಎಡಕ್ಕೆ ಹೋದರೆ ಹೊಳೆ, ಅದರ ದಂಡೆಯಲ್ಲಿ ಕುದುರೆ ಕಾದಿತ್ತು. ಮುದುಕಿ ಬಲಕ್ಕೆ ತಿರುಗಿ ಕೆರೆಯ ದಾರಿ ಹಿಡಿದಳು. ಸತ್ತವನು ಸ್ತೂರ್ಲಾನನ್ನು ಬಿಟ್ಟು, ತಾಯಿಯ ಹಿಂದೆ ಹೋಗುವ ಕುರಿಮರಿಯಂತೆ ಅವಳ ಹಿಂದೆ ಹೊರಟ.

ಸಿಗ್ನಿ ಏಳಲು ಹೋಗಿ ಕುಸಿದಳು. ಮಗುವನ್ನು ಇಲ್ಲಿ ಬಿಟ್ಟು ಹೋಗು ಎಂದು ಗೀದಾ ಕೂಗಿದಳು, ಕೂಗುತ್ತಲೇ ಓಡಿದಳು. ಆರ್ನೋರಾ ಆ ಮಾತನ್ನು ಕೇಳಿಸಿಕೊಂಡಳು. ಒಂದು ಸಲ ತಿರುಗಿಯೂ ನೋಡಿದಳು. ಮಗುವನ್ನು ಮಾತ್ರ ಕೆಳಗಿಳಿಸಲಿಲ್ಲ; ಆ ಬಿಸಿಯನ್ನು ಎದೆಗೊತ್ತಿಕೊಂಡು ನೀರಿನ ಕಡೆಗೇ ನಡೆದಳು.